ಎರಡೂರಿಗೆ ನೀರು ಬಿಡುವಾಕೆ

ಬೆಳಕಿನ್ನೂ ಸರಿಯಾಗಿ ಹರಿದಿಲ್ಲ. ಗುಡ್ಡದ ಮೇಲಿನ ನೀರಿನ ತೊಟ್ಟಿಯ ಬುಡದಲ್ಲಿ ಆಕೆ ಮಂಡಿಯೂರಿ, ಕಬ್ಬಿಣದ ಚಕ್ರವನ್ನು ಎರಡೂ ಕೈಯಲ್ಲಿ ತಿರುಗಿಸುತ್ತಿದ್ದಾರೆ. ಕೊಳವೆಗೆ ಕಿವಿಯಿಡುತ್ತಾರೆ, ಎದ್ದು ಅತ್ತಿತ್ತ ಹೋಗಿ ಮತ್ತೆ ಬಂದು ಕಿವಿಯಿಡುತ್ತಾರೆ. “ಗಾಳಿ ಹೊಡೀತಿದೆಯೋ, ನೀರೇ ಹೋಗ್ತಿದೆಯೋ ಅಂತ ಖಾತ್ರಿಯಾಗೋ ತನಕ ಕೂತಲ್ಲಿ ಕೂರೋಕಾಗಲ್ಲ,” ಎನ್ನುತ್ತಾರೆ.

ಈ ತೊಟ್ಟಿ ಒಂದೂರಿನದಲ್ಲ. ಮೇಲಿನ ಪಟ್ಟಣ, ಕೆಳಗಿನ ಪಟ್ಟಣ ವರ್ಷಗಟ್ಟಲೆ ನೀರಿಗಾಗಿ ಕಿತ್ತಾಡಿ, ಕೊನೆಗೆ ಎರಡೂ ಪುರಸಭೆಗಳು ಸೇರಿ ಒಂದು ಜಂಟಿ ನೀರು ಮಂಡಳಿ ಕಟ್ಟಿಕೊಂಡಿವೆ. ತೀರ್ಮಾನ ಮಂಡಳಿಯದು, ಅದನ್ನು ಕೊಳಾಯಿಗೆ ಮುಟ್ಟಿಸುವ ಕೆಲಸ ಈಕೆಯದು. ಹುಟ್ಟಿದ್ದು ಕೆಳಗಿನ ಪಟ್ಟಣದಲ್ಲಿ, ಸೊಸೆಯಾಗಿ ಬಂದದ್ದು ಮೇಲಿನದಕ್ಕೆ. ಆಡಿಕೊಳ್ಳುವವರಿಗೆ ಇಷ್ಟು ಸಾಕು.

ಹೋದ ಬೇಸಿಗೆಯಲ್ಲಿ ದೊಡ್ಡ ಕೊಳವೆ ಬಿರುಕುಬಿಟ್ಟು, ತೊಟ್ಟಿಗೆ ಬರುವ ನೀರು ಅರ್ಧಕ್ಕಿಳಿಯಿತು. ಇರುವುದನ್ನೇ ಎರಡೂ ಊರಿಗೆ ದಿನ ಬಿಟ್ಟು ದಿನ ಬಿಡಬೇಕೆಂದು ಮಂಡಳಿ ಹೇಳಿತು. ಕೆಳಗಿನವರ ಸರದಿಯ ಬೆಳಿಗ್ಗೆ ಮೇಲಿನವರು ಖಾಲಿ ಕೊಡ ಹಿಡಿದು ತೊಟ್ಟಿಯ ಬುಡಕ್ಕೇ ಬಂದರು. ತವರಿಗೆ ನೀರು ಹರಿಸುತ್ತಾಳೆ ಎಂದು ಬಾಯಿಗೆ ಬಂದಂತೆ ಆಡಿದರು. ಗುಂಪಿನ ಮುಂದೆ ನಿಂತಿದ್ದವರು ಆಕೆಯ ಅತ್ತೆಯೇ. ನಮ್ಮ ಕಡೆಗೆ ತಿರುಗಿಸು ಎಂದು ಪಟ್ಟುಹಿಡಿದರು. ಸೊಸೆ ಚಕ್ರದಿಂದ ಕೈ ತೆಗೆಯಲಿಲ್ಲ.

“ಅತ್ತೆ, ಮನೇಲಿ ನೀವು ಹೇಳಿದ ಹಾಗೆ ಕೇಳ್ತೀನಿ. ಇಲ್ಲಿ ಮಾತ್ರ ನಾನು ಎರಡೂ ಊರಿನ ಕೆಲಸದವಳು,” ಎಂದವರೇ ಕೆಳಗಿನ ಪಟ್ಟಣಕ್ಕೇ ನೀರು ಬಿಟ್ಟರು.

ಅತ್ತೆ ಮಾತು ಬಿಟ್ಟರು. ಒಂದೇ ಅಡುಗೆಮನೆಯಲ್ಲಿ ಇಬ್ಬರೂ ಮುಖ ತಿರುಗಿಸಿಕೊಂಡು ಓಡಾಡಿದರು. ಅಷ್ಟರಲ್ಲಿ ಮೇಲಿನ ಬೀದಿಗಳಿಗೆ ನೀರೆತ್ತುವ ಮೋಟಾರೇ ಸುಟ್ಟುಹೋಯಿತು. ಮಂಡಳಿ ಕೇಳಿದ್ದೇ ತಡ, ಕೆಳಗಿನ ಪುರಸಭೆ ತನ್ನ ಟ್ಯಾಂಕರುಗಳನ್ನು ಗುಡ್ಡ ಹತ್ತಿಸಿತು. ಅತ್ತೆ ಸಾಲಿನಲ್ಲಿ ನಿಂತು, ಯಾರ ಮುಖವನ್ನೂ ನೋಡದೆ ಕೊಡ ತುಂಬಿಸಿಕೊಂಡರು. ಅಂದು ಮಧ್ಯಾಹ್ನ ಸೊಸೆ ಮನೆಗೆ ಬಂದಾಗ, “ಕೈಕಾಲು ತೊಳ್ಕೊ, ಊಟ ಆರಿಹೋಗುತ್ತೆ,” ಎಂದರಂತೆ. ಅಷ್ಟೇ.

ಈಗ ಹೊಸ ಕೊಳವೆ, ಹೊಸ ಮೋಟಾರು ಬಂದಿವೆ. ಆದರೂ ಈಕೆಯ ಚಡಪಡಿಕೆ ನಿಂತಿಲ್ಲ. ಉಣ್ಣುವಾಗಲೂ ಕಿವಿ ಹೊರಗೇ ಇರುತ್ತದೆ. ಎಲ್ಲೋ ನೀರು ಸೋರುತ್ತಿದೆ ಎಂದು ಫೋನು ಬಂದರೆ, ಅರ್ಧ ಊಟದಲ್ಲೇ ಎದ್ದು ಸೈಕಲ್ಲು ಹತ್ತುತ್ತಾರೆ.

ಆಸೆಯೇನೆಂದು ಕೇಳಿದರೆ ನಗುತ್ತಾರೆ. “ತವರಿಗೆ ಹೋದಾಗ ಅತ್ತಿಗೆ ಒಂದು ಲೋಟ ನೀರು ಕೊಡ್ತಾರೆ. ಅದು ನಾನು ಬಿಟ್ಟ ನೀರು ಅಂತ ಅವರಿಗೆ ನೆನಪೇ ಆಗಲ್ಲ. ಹಾಗೇ ಇರ್ಲಿ. ಯಾರಿಗೂ ನೀರಿನ ಯೋಚ್ನೆ ಬರಲಿಲ್ಲ ಅಂದ್ರೆ, ಅವತ್ತು ನನ್ನ ಕೆಲಸ ಸರಿಯಾಗಿ ಆಗಿದೆ ಅಂತ.”