ಮರಳುವ ಉದ್ದೇಶವುಂಟೇ?

ಅರ್ಜಿಯ ನಮೂನೆಗಳನ್ನು ರಚಿಸುವ ಮಹನೀಯರ ಮೇಲೆ ನನಗೊಂದು ಹಳೆಯ ತಕರಾರಿದೆ. ಹೆಸರು ಬರೆಯಲು ಅವರು ಮಾರುದ್ದ ಚುಕ್ಕಿಸಾಲು ಬಿಡುತ್ತಾರೆ, ಕಾರಣ ಬರೆಯಲು ಗೇಣುದ್ದವನ್ನೂ ಬಿಡುವುದಿಲ್ಲ. ಮನುಷ್ಯನ ಹೆಸರು ಎಷ್ಟೇ ಇನಿಷಿಯಲ್ಲುಗಳ ಪರಿವಾರ ಕಟ್ಟಿಕೊಂಡು ಬಂದರೂ ನಾಲ್ಕು ಅಂಗುಲದಲ್ಲಿ ಮುಗಿದುಹೋಗುವಂಥದು. ಅವನ ಕಾರಣಗಳು ಹಾಗಲ್ಲ. ಒಂದು ದಿನ ಸಾರಿಗೆ ಉಪ್ಪು ಹೆಚ್ಚಾದದ್ದಕ್ಕೆ ನಾನು ಕೊಡುವ ಕಾರಣಗಳೇ ಎರಡು ಪುಟಕ್ಕೆ ಕಡಿಮೆಯಿರುವುದಿಲ್ಲವೆಂದು ನಮ್ಮ ಮನೆಯವರು ಹೇಳುತ್ತಾರೆ. ಹೀಗಿರುವಾಗ ಒಬ್ಬ ಹೆಂಗಸು ಈ ದೇಶದಲ್ಲಿ ಏಕಿದ್ದಾಳೆ, ಇನ್ನೊಂದು ದೇಶಕ್ಕೆ ಏಕೆ ಹೋಗಬೇಕು ಎಂಬುದನ್ನು ಬೆರಳಗಲದ ಜಾಗದಲ್ಲಿ ಬರೆಯಿರಿ ಎಂದರೆ ಏನು ಬರೆಯುವುದು? ನಾನು ಒಮ್ಮೆ ಬರೆದೆ. ಅದರ ಕಥೆಯನ್ನೇ ನಿಮ್ಮ ಮುಂದೆ ಹೇಳಹೊರಟಿದ್ದೇನೆ.

ಎಪ್ಪತ್ತರ ದಶಕದಲ್ಲಿ ನಮ್ಮ ಮನೆಯವರಿಗೆ ಕೆ.ಜಿ.ಎಫ್.ನ ಒಂದು ಕಾರ್ಖಾನೆಯಲ್ಲಿ ಕೆಲಸವಾಗಿ, ಹಾಸನದ ಕಡೆಯವಳಾದ ನಾನು ಎರಡು ಟ್ರಂಕು ಮತ್ತು ತವರಿನವರು ಹಠ ಹಿಡಿದು ಕೊಟ್ಟ ಒಂದು ಒರಳುಕಲ್ಲಿನ ಸಮೇತ ಅಲ್ಲಿಗೆ ಹೋದೆ. ಅಲ್ಲಿನ ನಂದಿದುರ್ಗವೆಂಬ ಹೆಸರಿನ ಚಿನ್ನದ ಗಣಿಯ ಕೆಲಸಗಾರರ ಲೈನುಮನೆಗಳಿಗೆ ಹತ್ತಿರದ ಒಂದು ಶಾಲೆಯಲ್ಲಿ ಕನ್ನಡ ಟೀಚರಾದೆ. ಅಲ್ಲಿನ ಮಕ್ಕಳು ಮನೆಯಲ್ಲಿ ತಮಿಳು, ಬೀದಿಯಲ್ಲಿ ತೆಲುಗು ಮಾತಾಡಿ, ನನ್ನ ಪೀರಿಯಡ್ಡಿನ ನಲವತ್ತು ನಿಮಿಷ ಮಾತ್ರ ಕನ್ನಡವನ್ನು ಉದಾರವಾಗಿ ಸಹಿಸಿಕೊಳ್ಳುತ್ತಿದ್ದರು. ಅವರ ಹಕಾರವನ್ನು ತಿದ್ದಲು ಹೊರಟ ನಾನು ನನ್ನ ಹಕಾರವನ್ನೇ ಕಳೆದುಕೊಂಡೆ. ನನಗೆ ಅಲ್ಲಿ ಮರ್ಯಾದೆ ತಂದುಕೊಟ್ಟದ್ದು ಪಾಠವಲ್ಲ, ಕೈಬರಹ. ಅಕ್ಷರ ದುಂಡಗಿತ್ತು, ಇಂಗ್ಲಿಷೂ ಅಷ್ಟಿಷ್ಟು ಬರುತ್ತಿತ್ತು. ರೇಷನ್ ಕಾರ್ಡಿನಿಂದ ಹಿಡಿದು ರಜೆಯ ಅರ್ಜಿಯವರೆಗೆ ಲೈನಿನವರ ಸಮಸ್ತ ಅಹವಾಲುಗಳೂ ನನ್ನ ಲೇಖನಿಯ ಮೂಲಕವೇ ಸರ್ಕಾರವನ್ನು ತಲುಪಲಾರಂಭಿಸಿದವು. ಅರ್ಜಿ ಮಂಜೂರಾದರೆ ಅದು ನನ್ನ ಅಕ್ಷರದ ಮಹಿಮೆ, ಆಗದಿದ್ದರೆ ಸರ್ಕಾರದ ದೋಷ ಎಂದು ನಾನು ಪ್ರಾಮಾಣಿಕವಾಗಿ ನಂಬಿದ್ದೆ.

ತಂಗಮ್ಮ ನನ್ನ ಬಳಿ ಬಂದದ್ದು ಹಾಗೆ. ಅವಳ ಮಗಳು ನನ್ನ ತರಗತಿಯಲ್ಲಿದ್ದಳು. ಗಂಡ ಮುನಿಸ್ವಾಮಿ ಗಣಿಯೊಳಗೆ ಇಳಿದು ದುಡಿಯುವವನು, ಮೇಲೆ ಬಂದಾಗ ಹೆಚ್ಚು ಮಾತಾಡದವನು. ಸಿಲೋನಿನ ಹಟ್ಟನ್ ಕಡೆಯ ಒಂದು ಟೀ ತೋಟದಲ್ಲಿ ಹುಟ್ಟಿ ಬೆಳೆದ ತಂಗಮ್ಮ ಹತ್ತೊಂಬತ್ತನೆಯ ವಯಸ್ಸಿನಲ್ಲಿ ಸೋದರತ್ತೆಯ ಮಗನಾದ ಈ ಮುನಿಸ್ವಾಮಿಯನ್ನು ಮದುವೆಯಾಗಿ, ಹಡಗಿನಲ್ಲಿ ಸಮುದ್ರ ದಾಟಿ, ಎರಡು ದಿನ ರೈಲುಗಳನ್ನು ಬದಲಿಸುತ್ತಾ, ಇನ್ನು ಮುಂದೆ ಹಳಿಯೇ ಇಲ್ಲವೆಂದು ಮಾರಿಕುಪ್ಪಂನಲ್ಲಿ ಇಳಿದವಳು. ನಾನು ಮಾಡಿಕೊಟ್ಟ ಟೀಯನ್ನು ಮೊದಲ ದಿನವೇ ಮೂಸಿ ನೋಡಿ, "ಇದು ಟೀ ಅಲ್ಲ ಟೀಚರಮ್ಮ, ಟೀ ಗುಡಿಸಿದ್ ಕಸ" ಎಂದು ತೀರ್ಪು ಕೊಟ್ಟಳು. ತೀರ್ಪು ಕೊಟ್ಟ ಮೇಲೆ ಎರಡು ಲೋಟ ಕುಡಿದಳು.

ಅವಳ ಹೆಸರಿನ ಮೇಲೆ ನಾನೊಂದು ಶ್ಲೇಷೆ ಕಟ್ಟಿ ಬಹಳ ದಿನ ಬೀಗಿದ್ದೆ. ತಂಗಂ ಎಂದರೆ ತಮಿಳಿನಲ್ಲಿ ಬಂಗಾರ; ತಂಗು ಎಂದರೆ ತಮಿಳಿನಲ್ಲೂ ಕನ್ನಡದಲ್ಲೂ ಇಳಿದುಕೊಂಡು ಇರುವುದು. ಗಂಡನ ಮನೆಯವರಿಗೆ ಅವಳು ಮೊದಲನೆಯ ಅರ್ಥದ ತಂಗಮ್ಮ, ಸರ್ಕಾರಕ್ಕೆ ಎರಡನೆಯ ಅರ್ಥದ ತಂಗಮ್ಮ. ಏಕೆಂದರೆ ಅವಳ ಹತ್ತಿರ ಇದ್ದದ್ದು ಸಿಲೋನಿನ ಪಾಸ್‌ಪೋರ್ಟು. ಅವಳು ಅದನ್ನು 'ಬುಕ್ಕು' ಎನ್ನುತ್ತಿದ್ದಳು. ಆ ಬುಕ್ಕು ಇರುವವರೆಗೆ, ಮೂರು ಮಕ್ಕಳನ್ನು ಇದೇ ಗಣಿಯ ಆಸ್ಪತ್ರೆಯಲ್ಲಿ ಹೆತ್ತಿದ್ದರೂ, ಅವಳು ಪರದೇಶದವಳು. ಇಲ್ಲಿ ವಾಸವಾಗಿರಲು ವರ್ಷವರ್ಷವೂ ಕೋಲಾರದ ಕಚೇರಿಗೆ ಹೋಗಿ ಪರವಾನಗಿಯನ್ನು ನವೀಕರಿಸಿಕೊಂಡು ಬರಬೇಕು.

ಆ ನವೀಕರಣದ ನಮೂನೆಯಲ್ಲಿ 'ಇನ್ನೆಷ್ಟು ಕಾಲ ತಂಗುವ ಉದ್ದೇಶ?' ಎಂಬರ್ಥದ ಪ್ರಶ್ನೆಯೊಂದಿತ್ತು. ಮನೆಗೆ ಬಂದ ನೆಂಟರನ್ನು ನಾವು ಮನಸ್ಸಿನಲ್ಲೇ ಕೇಳಿಕೊಳ್ಳುವ ಪ್ರಶ್ನೆಯನ್ನು ಸರ್ಕಾರ ಅಚ್ಚು ಹಾಕಿಸಿ ಕೇಳುತ್ತಿತ್ತು. ಪ್ರತಿ ಸಲ ನಾನು 'ಒಂದು ವರ್ಷ' ಎಂದು ಬರೆಯುತ್ತಿದ್ದೆ. ಮಾರಿಕುಪ್ಪಂನಿಂದ ಬಂಗಾರಪೇಟೆಗೆ ಒಂದು ರೈಲು, ಬಂಗಾರಪೇಟೆಯಿಂದ ಕೋಲಾರಕ್ಕೆ ಇನ್ನೊಂದು ಸಣ್ಣ ರೈಲು. ಆ ಸಣ್ಣ ರೈಲು ಎಷ್ಟು ನಿಧಾನವೆಂದರೆ ಹೊಲದಲ್ಲಿ ಹುಲ್ಲು ಕೊಯ್ಯುವವರು ನಮ್ಮ ಕ್ಷೇಮಸಮಾಚಾರವನ್ನೆಲ್ಲ ವಿಚಾರಿಸಿ ಮುಗಿಸುತ್ತಿದ್ದರು. ಕಚೇರಿಯ ಗುಮಾಸ್ತರು ಆ ಸೀಮೆಯವರೇ, ಒಳ್ಳೆಯ ಮನುಷ್ಯ. ಅವಳನ್ನು ಕಂಡೊಡನೆ, "ಏನಮ್ಮ ಸಿಲೋನು, ಇನ್ನೂ ಓಗಿಲ್ವಾ?" ಎಂದು ನಗುತ್ತಿದ್ದರು. "ಎಲ್ಲಿಗ್ ಓಗ್ಲಿ ಸಾರ್, ಇಲ್ಲೇ ಇದೀನಿ" ಎಂದು ಅವಳೂ ನಗುತ್ತಿದ್ದಳು. ಠಸ್ಸೆ ಬೀಳುತ್ತಿತ್ತು, ಇನ್ನೊಂದು ವರ್ಷ ಅವಳದಾಗುತ್ತಿತ್ತು.

"ಯಾಕಮ್ಮ ವರ್ಸವರ್ಸ ಇಂಗೆ ಅಲೀತೀಯ, ಒಂದು ಅರ್ಜಿ ಆಕಿ ಇಂಡಿಯಾದೋಳಾಗ್ಬಿಡು ಅತ್ಲಾಗೆ" ಎಂದು ಅವರು ಒಮ್ಮೆ ಬುದ್ಧಿ ಹೇಳಿದರು. ನನಗೂ ಅದೇ ಸರಿಯೆನಿಸಿತ್ತು. ಹಿಂದಿರುಗುವಾಗ ರೈಲಿನಲ್ಲಿ ಕೇಳಿದೆ. ತಂಗಮ್ಮ ಸೆರಗಿನಲ್ಲಿ ಸುತ್ತಿಕೊಂಡಿದ್ದ ಬುಕ್ಕನ್ನು ಮುಟ್ಟಿ ನೋಡಿಕೊಂಡು, "ಅಮ್ಮ ಅಲ್ಲೇ ಅವ್ರೆ ಟೀಚರಮ್ಮ. ಇದನ್ ಕೊಟ್ಬಿಟ್ರೆ ಆಮೇಲೆ ಅಮ್ಮನ್ ಮನೆಗೆ ಓಗೋಕೂ ಇನ್ನೊಬ್ರನ್ ಕೇಳ್ಬೇಕು" ಎಂದಳು. ಹೋಗಲು ಈಗಲೂ ಕೇಳಲೇಬೇಕು, ಬರಲಂತೂ ಕೇಳಲೇಬೇಕು ಎಂಬ ಕಾನೂನಿನ ಪಾಠವನ್ನು ನಾನು ಬಾಯಿಗೆ ಬಂದರೂ ಹೇಳಲಿಲ್ಲ. ಮದುವೆಯಾಗಿ ಬಂದ ಮೇಲೆ ಅವಳು ತಾಯಿಯನ್ನು ಒಮ್ಮೆಯೂ ನೋಡಿರಲಿಲ್ಲ. ಒಂದು ವರ್ಷ ಬಸಿರು, ಒಂದು ವರ್ಷ ಬಾಣಂತನ, ಒಂದು ವರ್ಷ ಗಂಡನಿಗೆ ಗಣಿಯಲ್ಲಿ ಕಾಲಿಗೆ ಪೆಟ್ಟು, ಹೀಗೆ ವರ್ಷಗಳು ಒಂದೊಂದೇ ನೆಪ ಹೇಳಿ ಕಳೆದುಹೋಗಿದ್ದವು.

ನಾನು ಆ ಊರಿಗೆ ಹೋದ ಆರನೆಯ ವರ್ಷವಿರಬೇಕು, ತಂಗಮ್ಮನ ತಮ್ಮನಿಂದ ನೀಲಿ ಕಾಗದ ಬಂತು. ಅಮ್ಮ ಹಾಸಿಗೆ ಹಿಡಿದಿದ್ದಾಳೆ, ನಿನ್ನ ಹೆಸರನ್ನೇ ಕರೆಯುತ್ತಾಳೆ, ಬೇಗ ಬಾ ಎಂದಿತ್ತು. ಅವಳು ಹೋಗಿ ಮತ್ತೆ ಬರಬೇಕಾದರೆ ಹೊರಡುವ ಮೊದಲೇ ಕಚೇರಿಯ ಅನುಮತಿ ಬೇಕು; ಅದಕ್ಕೊಂದು ಬೇರೆಯೇ ನಮೂನೆ. ಮುನಿಸ್ವಾಮಿ ಆ ನಮೂನೆ ಹಿಡಿದು ಹೆಂಡತಿಯೊಡನೆ ನಮ್ಮ ಮನೆಗೆ ಬಂದ. ನಾನು ಕನ್ನಡಕ ಒರೆಸಿಕೊಂಡು, ಪೆನ್ನಿಗೆ ಮಸಿ ತುಂಬಿಕೊಂಡು, ಸಮಾರಂಭಕ್ಕೆ ಕೂತ ಹಾಗೆ ಕೂತೆ.

ನಮೂನೆಯ ಕೊನೆಗೊಂದು ಪ್ರಶ್ನೆ: ಮರಳುವ ಉದ್ದೇಶವುಂಟೇ? ಉಂಟಾದರೆ ವಿವರ. ಮರಳುವುದು ಎಲ್ಲಿಗೆ ಎಂದು ಅದನ್ನು ರಚಿಸಿದವರು ಹೇಳಿರಲಿಲ್ಲ, ಕೇಳಿಕೊಳ್ಳಬೇಕೆಂದು ನನಗೂ ಹೊಳೆಯಲಿಲ್ಲ. ಮರಳುವುದು ಎಂದರೆ ಗಂಡನ ಮನೆಗಲ್ಲದೆ ಇನ್ನೆಲ್ಲಿಗೆ? ತವರಿಗೆ ಹೋದ ಹೆಣ್ಣು ಮರಳುವ ದಿಕ್ಕು ನನ್ನ ನಿಘಂಟಿನಲ್ಲಿ ಒಂದೇ ಇತ್ತು. 'ಹೌದು' ಎಂದು ಬರೆದೆ. ಅಷ್ಟಕ್ಕೇ ಬಿಟ್ಟಿದ್ದರೆ ಏನಾಗುತ್ತಿತ್ತೋ. ಹೆಂಗಸು ನಂಬಿಕೆಗೆ ಅರ್ಹಳೆಂದು ಕಚೇರಿಯವರಿಗೆ ಮನವರಿಕೆಯಾಗಲೆಂದು, ಉಳಿದಿದ್ದ ಬೆರಳಗಲದ ಜಾಗದಲ್ಲಿ ನನ್ನ ದುಂಡನೆಯ ಅಕ್ಷರಗಳನ್ನು ಒತ್ತಿ ಒತ್ತಿ, 'ಶಾಶ್ವತವಾಗಿ' ಎಂಬರ್ಥದ ಇಂಗ್ಲಿಷ್ ಪದವನ್ನೂ ಸೇರಿಸಿದೆ. ಬರೆದು ಮುಗಿಸಿ, ಕಾಗದವನ್ನು ದೂರ ಹಿಡಿದು ನೋಡಿ ಸಂತೋಷಪಟ್ಟೆ.

ಪರದೇಶದವಳೊಬ್ಬಳು ಮರಳುತ್ತೇನೆ, ಅದೂ ಶಾಶ್ವತವಾಗಿ, ಎಂದರೆ ಸ್ವದೇಶಕ್ಕೆ ಎಂದೇ ಕಚೇರಿ ಓದಿಕೊಂಡಿತು. ಹೋಗಿಬರುವವಳ ಅರ್ಜಿ ಬಿಟ್ಟುಹೋಗುವವಳ ಅರ್ಜಿಯಾಗಿ ಬೇರೆ ಕಡತಕ್ಕೆ ಸೇರಿತು. ಅದಕ್ಕೆ ಬೇರೆ ವಿಚಾರಣೆ, ಬೇರೆ ತಪಾಸಣೆ. ಹದಿನೈದು ದಿನ ಕಳೆದ ಮೇಲೆ ಒಬ್ಬ ಪೊಲೀಸಿನವನು ಲೈನಿಗೆ ಬಂದು, ನಲ್ಲಿಯ ಹತ್ತಿರ ಕೊಡ ಹಿಡಿದು ನಿಂತಿದ್ದವರನ್ನೆಲ್ಲ, ತಂಗಮ್ಮ ಸಂಸಾರ ಬಿಟ್ಟು ಹೋಗುವುದಕ್ಕೆ ಕಾರಣವೇನೆಂದು ವಿಚಾರಿಸಿದ. ಆ ದಿನದ ನೀರು ಮುಗಿಯುವುದರೊಳಗೆ ಲೈನಿನ ಹೆಂಗಸರು ಮೂರು ಭಾಷೆಗಳಲ್ಲಿ ಹನ್ನೆರಡು ಕಾರಣ ಕಂಡುಹಿಡಿದರು. ನಗಬೇಕಾದ ಪ್ರಸಂಗವೇ, ಆದರೆ ಆ ಸಂಜೆ ಮುನಿಸ್ವಾಮಿ ಪಾಳಿ ಮುಗಿಸಿ, ಮೈಮೇಲಿನ ಧೂಳನ್ನೂ ತೊಳೆಯದೆ ನಮ್ಮ ಬಾಗಿಲಿಗೆ ಬಂದು ನಿಂತ. "ಟೀಚರಮ್ಮ, ಇವ್ಳು ಓದ್ರೆ ಬರಲ್ವಂತಾ? ಪೋಲೀಸ್ನೋರು ಏಳ್ತಾವ್ರೆ. ನಾನೇನ್ ಮಾಡ್ದೆ ಅವ್ಳಿಗೆ?" ಎಂದ. ಅಷ್ಟು ವರ್ಷಗಳಲ್ಲಿ ಅವನು ನನ್ನೊಡನೆ ಆಡಿದ ಅತಿ ದೀರ್ಘವಾದ ಮಾತು ಅದು.

ಮರುದಿನವೇ ನಾನು ಶಾಲೆಗೆ ರಜೆ ಹಾಕಿ ತಂಗಮ್ಮನೊಡನೆ ಕೋಲಾರಕ್ಕೆ ಹೋದೆ. ಅವಳನ್ನು ಹೊರಗೆ ಬೆಂಚಿನ ಮೇಲೆ ಕೂರಿಸಿ ಒಳಗೆ ಹೋದರೆ, ಗುಮಾಸ್ತರು ಅರ್ಜಿಯನ್ನು ತೆಗೆದು ನನ್ನ ಅಕ್ಷರದ ಮೇಲೆ ಬೆರಳಿಟ್ಟರು. "ಇದು ನೀವೇ ಬರ್ದಿದ್ದಲ್ವಾ ಟೀಚರಮ್ಮ?" ಎಂದರು, ಮೆಲ್ಲಗೆ. ನನ್ನ ಮುಖ ಹೇಗಾಯಿತೋ ಕಾಣೆ. ಹೊಸ ಅರ್ಜಿ ಬರೆದುಕೊಟ್ಟೆ. ಹೊರಗೆ ಬಂದಾಗ ತಂಗಮ್ಮ ಎದ್ದು ನಿಂತು, ಏನಾಗಿತ್ತು ಎಂದು ಕೇಳಿದಳು. "ಆಫೀಸಿನವರು ತಪ್ಪು ಓದಿಕೊಂಡಿದ್ದರು, ಸರಿಮಾಡಿಸಿದ್ದೇನೆ" ಎಂದೆ. ಎಷ್ಟು ಸಲೀಸಾಗಿ ಬಂತು ಆ ಮಾತು! ಒಂದು ಕಾರಣಕ್ಕೆ ಎರಡು ಪುಟ ಬೇಕೆನ್ನುವ ನನಗೆ ಸುಳ್ಳು ಹೇಳಲು ಒಂದು ಸಾಲು ಸಾಕಾಯಿತು.

ಹೊಸ ಅರ್ಜಿಯ ವಿಚಾರಣೆ ಮೊದಲಿನಿಂದ ಆರಂಭವಾಯಿತು. ತಂಗಮ್ಮ ಟ್ರಂಕು ಜೋಡಿಸಿಟ್ಟುಕೊಂಡು ಕಾದಳು. ತಾಯಿಗೆಂದು ಒಂದು ನೂಲಿನ ಸೀರೆ ತೆಗೆದಿಟ್ಟಿದ್ದಳು; ನನಗೆ ತೋರಿಸಿ, ಬಣ್ಣ ಹೆಚ್ಚಾಯಿತೇನೋ ಎಂದು ಕೇಳಿದ್ದಳು. ಐದನೆಯ ವಾರ ತಂತಿ ಬಂತು. ಅದಾದ ನಾಲ್ಕು ದಿನಕ್ಕೆ ಅನುಮತಿಯೂ ಬಂತು. ನಾನು ಅವಳ ಮನೆಗೆ ಹೋದಾಗ ಅವಳು ಗೋಡೆಗೊರಗಿ ಕೂತಿದ್ದಳು. ನನ್ನನ್ನು ನೋಡಿ ಎದ್ದು, ಮೂಗು ಒರೆಸಿಕೊಂಡು, ಟೀಗೆ ನೀರಿಟ್ಟಳು. ನಾನು ಆ ಟೀ ಕುಡಿದೆ. ಹೇಳಬೇಕೆಂದುಕೊಂಡು ಹೋದದ್ದನ್ನು ಹೇಳಲಿಲ್ಲ. ಅವಳು ದುಃಖದಲ್ಲಿದ್ದಾಳೆ, ಈಗ ಬೇಡ ಎಂದು ನನಗೆ ನಾನೇ ಹೇಳಿಕೊಂಡೆ. ಆದರೆ ಅದು ಅವಳ ಮೇಲಿನ ಕರುಣೆಯಲ್ಲ, ನನ್ನ ಮೇಲಿನದು.

ಮುಂದಿನ ವರ್ಷ ನವೀಕರಣದ ಹೊತ್ತಿಗೆ ಅವಳು ಬೇರೆ ನಮೂನೆ ಹಿಡಿದು ಬಂದಳು. "ಇಂಡಿಯಾದೋಳಾಗೋ ಅರ್ಜಿ ಟೀಚರಮ್ಮ. ಇನ್ ಆ ಬುಕ್ಕು ಇಟ್ಕೊಂಡು ಏನ್ ಮಾಡ್ಲಿ" ಎಂದಳು. ನಾನು ಬೇರೆ ಯಾರಿಂದಲಾದರೂ ಬರೆಸು ಎಂದೆ, ಕಣ್ಣು ಸರಿಯಿಲ್ಲವೆಂದೆ. ಅವಳು ಕೇಳಲಿಲ್ಲ. ಪ್ರತಿಯೊಂದು ಸಾಲನ್ನೂ ಕನ್ನಡದಲ್ಲಿ ಹೇಳಿ, ಅವಳ ಉತ್ತರ ಕೇಳಿ, ಬರೆದದ್ದನ್ನು ಮತ್ತೆ ಓದಿ ಹೇಳಿದೆ. ನನ್ನ ದುಂಡನೆಯ ಅಕ್ಷರ ಅಂದು ಸೊಟ್ಟಗಾಯಿತು. ಆ ಅರ್ಜಿ ಎಲ್ಲೆಲ್ಲೋ ಸುತ್ತಿ ಮಂಜೂರಾಗಲು ಎರಡು ವರ್ಷ ಹಿಡಿಯಿತು. ಹಳೆಯ ಬುಕ್ಕನ್ನು ಒಪ್ಪಿಸುವ ದಿನ ಗುಮಾಸ್ತರು ತಾವೇ ಎದ್ದು ಬಂದು, "ಇನ್ಮೇಲೆ ನೀನು ಬರೋದೇ ಬೇಡ ಕಣಮ್ಮ, ನೀನೂ ನಮ್ಮೋಳೇ" ಎಂದು ಎಲ್ಲರಿಗೂ ಮೈಸೂರುಪಾಕು ಹಂಚಿಸಿದರು. ತಂಗಮ್ಮ ತನ್ನ ಪಾಲಿನದನ್ನು ಕೈಯಲ್ಲಿ ಹಿಡಿದುಕೊಂಡೇ, ಮೇಜಿನ ಮೇಲಿನ ಬುಕ್ಕನ್ನು ನೋಡುತ್ತಾ ನಿಂತಿದ್ದಳು.

ಹಿಂದಿರುಗುವಾಗ ಸಣ್ಣ ರೈಲಿನಲ್ಲಿ ಜನ ಕಡಿಮೆ. ಅವಳು ಕಿಟಕಿಯ ಕಡೆ ತಿರುಗಿ ಅಳುತ್ತಿದ್ದಳು, ಸದ್ದಿಲ್ಲದೆ. ಇನ್ನು ತಡೆಯಲಾರದೆ ಹೇಳಿಬಿಟ್ಟೆ. "ತಂಗಮ್ಮ, ಆವತ್ತು ತಪ್ಪು ಮಾಡಿದ್ದು ಆಫೀಸಿನವರಲ್ಲ. ನಾನು. ನಾನು ಬರೆದದ್ದರಿಂದಲೇ ನಿನಗೆ ನಿಮ್ಮಮ್ಮನ ಮುಖ ಸಿಗಲಿಲ್ಲ."

"ಗೊತ್ತು" ಎಂದಳು, ತಿರುಗದೆ. "ತಂತಿ ಬಂದ್ಮೇಲೆ ಆ ಓಗಿಬರೋ ಕಾಗ್ದ ಇಸ್ಕೊಳಕ್ಕೆ ಓಗಿದ್ನಲ್ಲ, ಆವತ್ತೇ ಆ ಸಾರ್ ಏಳಿದ್ರು."

ಗೊತ್ತಿದ್ದೂ ಮತ್ತೆ ನನ್ನ ಬಳಿಗೇ ಬಂದು ಬರೆಸಿದ್ದಳು. ನನ್ನ ಸೊಟ್ಟ ಅಕ್ಷರವನ್ನು ಎದುರಿಗೆ ಕೂತು ನೋಡಿದ್ದಳು. ಯಾಕೆ ಇಷ್ಟು ದಿನ ಒಂದು ಮಾತೂ ಆಡಲಿಲ್ಲ, ಬೈಯಬಾರದಿತ್ತೇ ಎಂದೆ.

ಅವಳು ನನ್ನ ಕಡೆ ತಿರುಗಿ, ಬೇರೆ ಯಾರಿಗೂ ಕೇಳಿಸಬಾರದೆಂಬಂತೆ ಹೇಳಿದಳು: "ಎಂಗ್ ಬೈಲಿ ಟೀಚರಮ್ಮ? ಅವ್ರಿಗೆ ಏಳ್ಬೇಡಿ. ಅಮ್ಮನ್ ಮುಕ ನೋಡಿದ್ರೆ ನಾನ್ ವಾಪಸ್ ಬತ್ತಿದ್ನೋ ಇಲ್ವೋ, ನಂಗೇ ಗೊತ್ತಿಲ್ಲ."

'ಅವ್ರು' ಎಂದರೆ ಮುನಿಸ್ವಾಮಿ. ಬಂಗಾರಪೇಟೆಯಲ್ಲಿ ಅವನು ಪಾಳಿ ತಪ್ಪಿಸಿಕೊಂಡು ಬಂದು ಪ್ಲಾಟ್‌ಫಾರಂನಲ್ಲಿ ನಿಂತಿದ್ದ, ಒಗೆದ ಬಿಳಿಯ ಅಂಗಿ ತೊಟ್ಟುಕೊಂಡು. ರೈಲು ಪೂರ್ತಿ ನಿಲ್ಲುವ ಮೊದಲೇ ಪೆಟ್ಟಿಗೆಯಿಂದ ಪೆಟ್ಟಿಗೆಗೆ ಇಣುಕುತ್ತಾ ಓಡಿಬಂದ. ತಂಗಮ್ಮ ಕಣ್ಣೊರೆಸಿಕೊಂಡು ಇಳಿದು, ಆಗಿನಿಂದ ಕೈಯಲ್ಲೇ ಹಿಡಿದಿದ್ದ ಮೈಸೂರುಪಾಕನ್ನು ಅವನಿಗೆ ಕೊಟ್ಟಳು.