ಜಿ ಸಾಲಿನ ಎರಡು ಕುರ್ಚಿ

ಜಗತ್ ಸರ್ಕಲ್ ಹತ್ತಿರದ ಹಳೇ ಟಾಕೀಸ್ ಮುಚ್ಚಿದಾಗ ಅದರ ಕುರ್ಚಿ ಬಿಚ್ಚುವ ಕೆಲಸ ನನಗೆ ಬಂತು. ಕಮಲಾಪುರದವರು ಹೊಸದಾಗಿ ಕಟ್ಟಿಸಿದ್ದ ನಾಟಕದ ಹಾಲ್‌ಗೆ ಮಾಲೀಕರು ಅವನ್ನೆಲ್ಲ ಕೊಟ್ಟುಬಿಟ್ಟಿದ್ದರು. ನಾನು ನಟ್ಟಿಗೆ ಪಾನಾ ಹಚ್ಚುವಷ್ಟರಲ್ಲಿ ಗೇಟ್‌ಕೀಪರ್ ಶರಣಪ್ಪ ಕಾಕಾ ಅಡ್ಡ ಬಂದರು. ಕತ್ತಲಲ್ಲಿ ಬ್ಯಾಟರಿ ಬಿಟ್ಟು ಜನರಿಗೆ ಸೀಟು ತೋರಿಸುತ್ತಲೇ ಮುಪ್ಪಾದವರು.

"ಮಿಸ್ತ್ರಿ, ಒಂದೊಂದಕ್ಕೂ ನಂಬರ್ ಬರ್ದು ಬಿಚ್ರಿ. ಅಲ್ಲೂ ಹಿಂಗೇ ಕೂಡಿಸ್ಬೇಕು."

"ಅಲ್ಲಿ ಟಿಕೆಟ್ಟೇ ಇಲ್ಲ ಕಾಕಾ. ನಂಬರ್ ಯಾರು ನೋಡ್ತಾರ್ರೀ?"

"ನಾ ನೋಡ್ತೀನಿ."

ಹಳೇ ನಂಬರುಗಳೆಲ್ಲ ಅಳಿಸಿಹೋಗಿದ್ದವು. ಅವರು ಬಾಯಿಪಾಠದಂತೆ ಹೇಳುತ್ತ ಹೋದರು, ನಾನು ಸಿಟ್ಟಿನಲ್ಲೇ ಸೀಮೆಸುಣ್ಣದಿಂದ ಬರೆದೆ.

ಕಮಲಾಪುರದ ಮೊದಲ ನಾಟಕಕ್ಕೆ ಕಾಕಾ ಬಸ್ ಹತ್ತಿ ಬಂದೇಬಿಟ್ಟರು, ಬ್ಯಾಟರಿ ಸಮೇತ. ಕುರ್ಚಿಗಳ ಬೆನ್ನ ಮೇಲಿನ ನಂಬರ್ ಓದುತ್ತ ಬಂದು ಜಿ ಸಾಲಿನಲ್ಲಿ ನಿಂತರು. ನಾನೂ ಬಗ್ಗಿ ನೋಡಿದೆ. ಹದಿಮೂರರ ಜಾಗದಲ್ಲಿ ಹದಿನಾಲ್ಕು ಕೂಡಿಸಿದ್ದೆ! ಅವೆರಡರ ಮೇಲೆ ಆಗಲೇ ಒಬ್ಬ ಅಜ್ಜಿ, ಆಕೆಯ ಮೊಮ್ಮಗಳು ಕೂತಿದ್ದರು. ಅವರನ್ನು ಎಬ್ಬಿಸಿ ಸರಿಮಾಡೋಣವೆಂದು ಚೀಲದಿಂದ ಪಾನಾ ತೆಗೆದೆ. ಕಾಕಾ ನನ್ನ ಕೈ ಹಿಡಿದರು.

"ಈಗ ಬ್ಯಾಡ್ರಿ ಮಿಸ್ತ್ರಿ. ಮಂದಿ ಕುಂತಾರ."

ಅಷ್ಟೇ ಅಂದು, ತಡವಾಗಿ ಬಂದವರಿಗೆ ಬ್ಯಾಟರಿ ತೋರಿಸಲು ಬಾಗಿಲಿಗೆ ಹೋದರು. ನಡಿಗೆಯಲ್ಲಿ ಹಳೇ ಗತ್ತಿತ್ತು.

ಆ ಎರಡು ಕುರ್ಚಿ ಇವತ್ತಿಗೂ ಅದಲುಬದಲಾಗಿಯೇ ಇವೆ. ಸರಿಮಾಡೋಣವೆಂದು ಆಗಾಗ ಪಾನಾ ಹಿಡಿದು ಹೋಗುತ್ತೇನೆ. ಒಮ್ಮೆ ನಾಟಕದ ತಾಲೀಮು, ಒಮ್ಮೆ ಹೆಣ್ಣುಮಕ್ಕಳ ಸಂಘದ ಸಭೆ. ಹಾಳಾದವು, ಖಾಲಿ ಸಿಗವಲ್ಲವು.