ಮುಮ್ತಾಜಕ್ಕ ಬರೆಸಿದ ಕೊನೆಯ ಉತ್ತರ

ಪರೀಕ್ಷೆಯಲ್ಲಿ ದೇವರೇ ಕೈಹಿಡಿದು ಬರೆಸಿದ ಎಂದು ಯಾರಾದರೂ ಹೇಳಿದರೆ ಅವರ ಮುಖದೆದುರೇ ನಗುತ್ತಿದ್ದವಳು ನಾನು. ಈಗಲೂ ಅಂಥದ್ದನ್ನೆಲ್ಲ ನಂಬುತ್ತೇನೆ ಎನ್ನಲಾರೆ. ಆದರೆ ತೊಂಬತ್ತರ ದಶಕದ ಕೊನೆಯಲ್ಲಿ ಮೂಡುಬಿದಿರೆಯ ಕಾಲೇಜೊಂದರಲ್ಲಿ ನಡೆದದ್ದನ್ನು ಹೇಳಿಬಿಡುತ್ತೇನೆ. ನಗುವುದಾದರೆ ನಗಿ.

ಬಂಟ್ವಾಳದ ಮುಮ್ತಾಜ್ ಕೊನೆಯ ವರ್ಷದ ಬಿ.ಎಸ್ಸಿ.ಯಲ್ಲಿದ್ದಳು. ರಕ್ತದ ಕ್ಯಾನ್ಸರ್. ತಿಂಗಳುಗಟ್ಟಲೆ ಆಸ್ಪತ್ರೆಯಲ್ಲಿದ್ದುದರಿಂದ ಹಾಜರಿ ಸಾಲದು, ಪರೀಕ್ಷೆಗೆ ಕೂರಿಸುವುದಿಲ್ಲ ಎಂದರು ಕಾಲೇಜಿನವರು. ಮದ್ದಿನ ದೆಸೆಯಿಂದ ಬೆರಳು ಜೋಮು ಹಿಡಿದು ಕೈಯಲ್ಲಿ ಪೆನ್ನೂ ನಿಲ್ಲುತ್ತಿರಲಿಲ್ಲ. ಅವಳ ತಂದೆ ದುಬೈಯ ಕೆಲಸ ಬಿಟ್ಟು ಬಂದು ಹೈಕೋರ್ಟಿನವರೆಗೂ ಅಲೆದರು. ಹಾಜರಿ ಲೆಕ್ಕಕ್ಕೆ ಹಿಡಿಯಬೇಡಿ, ಪ್ರತ್ಯೇಕ ಕೋಣೆ ಕೊಡಿ, ಹೆಚ್ಚು ಸಮಯ ಕೊಡಿ, ಹೇಳಿದ್ದನ್ನು ಬರೆಯಲು ಒಬ್ಬರನ್ನು ಕೊಡಿ ಎಂದು ಆದೇಶವಾಯಿತು. ಬರೆಯುವವರಿಗೆ ಆ ವಿಷಯ ಗೊತ್ತಿರಬಾರದು. ಹಾಗೆ ಸಿಕ್ಕಿಬಿದ್ದವಳು ನಾನು, ಬೆಳ್ತಂಗಡಿಯಿಂದ ಬಸ್ಸಿನಲ್ಲಿ ನೇತಾಡಿಕೊಂಡು ಬರುತ್ತಿದ್ದ ಮೊದಲ ವರ್ಷದ ಬಿ.ಎ. ಹುಡುಗಿ. ಕೆಮಿಸ್ಟ್ರಿಯ ಹೆಸರೆತ್ತಿದರೇ ನನಗೆ ಜ್ವರ ಬರುತ್ತಿತ್ತು.

ಮೊದಲ ದಿನವೇ ಅವಳು ಖಡಾಖಂಡಿತವಾಗಿ ಹೇಳಿದ್ದಳು: "ನನಗೆ ಯಾರ ಕನಿಕರವೂ ಬೇಡ ಮಾರಾಯ್ತಿ. ನಾನು ಹೇಳಿದ್ದನ್ನು ಮಾತ್ರ ಬರಿ. ತಪ್ಪು ಹೇಳಿದ್ರೆ ತಪ್ಪೇ ಬರಿ."

ಕೆಮಿಸ್ಟ್ರಿಯ ದಿನ ಅವಳಿಗೆ ತೀರಾ ಸುಸ್ತು. ಕೊನೆಯ ಪ್ರಶ್ನೆಗೆ ಬರುವಾಗ ತಲೆಯನ್ನು ಡೆಸ್ಕಿನ ಮೇಲಿಟ್ಟು ಕಿಟಕಿಯ ಕಡೆ ಮುಖ ಮಾಡಿದಳು. ಹಾಗೆಯೇ ಹೇಳುತ್ತಾ ಹೋದಳು. ಆರು ಮೂಲೆಯ ಉಂಗುರ ಬಿಡಿಸು, ಪಕ್ಕದಲ್ಲಿ ಬಾಣ ಹಾಕು, ಇಲ್ಲಿ ಪ್ಯಾರಾ ಬಿಡು. ಸ್ವರ ಸಣ್ಣದು, ಆದರೆ ಸ್ಪಷ್ಟ. ನಡುವೆ ಒಮ್ಮೆ ಕೆಮ್ಮಿದಳು ಕೂಡ. ನಾನು ತಲೆಯೆತ್ತದೆ ಎರಡು ಪುಟ ಬರೆದೆ.

ಗಂಟೆಯಾಯಿತು. ಮೇಲ್ವಿಚಾರಣೆಗೆ ಬಾಗಿಲ ಬಳಿ ಕೂತಿದ್ದ ಮೇಷ್ಟ್ರು ಉತ್ತರಪತ್ರಿಕೆಯನ್ನು ಲಕೋಟೆಗೆ ಹಾಕಿ ಅಂಟಿಸಿದರು. ಆಗ ಮುಮ್ತಾಜಕ್ಕ ತಲೆಯೆತ್ತಿ ಅಳತೊಡಗಿದಳು.

"ನಿದ್ದೆ ಹೋದವಳನ್ನು ಎಬ್ಬಿಸುದಲ್ವಾ? ಕೊನೇ ಪ್ರಶ್ನೆ ಹಾಗೇ ಹೋಯ್ತು! ಗೊತ್ತಿಲ್ದಿದ್ರೂ ಅಂದಾಜಿಗೆ ಏನಾದ್ರೂ ಹೇಳ್ತಿದ್ದೆ."

ತಮಾಷೆ ಎಂದುಕೊಂಡೆ. "ಬರೆಸಿದ್ರಲ್ಲ ಅಕ್ಕ, ಉಂಗುರ, ಬಾಣ, ಎಲ್ಲ."

ಅವಳ ಮುಖ ಬಿಳುಚಿತು. "ಆ ಪಾಠ ಆಗುವಾಗ ನಾನು ಆಸ್ಪತ್ರೆಯಲ್ಲಿದ್ದೆ. ಅದನ್ನು ನಾನು ಓದಲೇ ಇಲ್ಲ. ನಿನಗೆ ಯಾರು ಹೇಳಿಕೊಟ್ಟದ್ದು?"

ಮೇಷ್ಟ್ರ ಕಡೆ ನೋಡಿದೆ. ಅವರು ಬೆವರುತ್ತಿದ್ದರು. "ನನಗೇನೂ ಕೇಳಲಿಲ್ಲಪ್ಪ. ಮೆಲ್ಲಗೆ ಹೇಳ್ತಾ ಇದ್ದಾಳೆ ಅಂದುಕೊಂಡೆ. ಇದನ್ನು ಹೊರಗೆ ಬಾಯಿಬಿಟ್ರೆ ನಕಲು ಅಂತ ಎಲ್ಲಾ ಪೇಪರೂ ರದ್ದಾಗ್ತದೆ."

ಅವಳು ಹೇಳಿಯೇ ತೀರುತ್ತೇನೆಂದು ಎದ್ದಳು. ಹೊರಗೆ ಕಾಯುತ್ತಿದ್ದ ತಂದೆ ಒಳಗೆ ಬಂದವರು ವಿಷಯ ತಿಳಿದು ಅವಳ ಎರಡೂ ಕೈ ಹಿಡಿದುಕೊಂಡರು. "ಬೇಡ ಮಗಳೇ. ಇನ್ನೊಂದು ಸಲ ಕೋರ್ಟಿಗೆ ಹೋಗ್ಲಿಕ್ಕೆ ನನ್ನಿಂದ ಆಗುದಿಲ್ಲ." ಅಷ್ಟು ದೊಡ್ಡ ಗಂಡಸು ಮಗುವಿನ ಹಾಗೆ ಬೇಡಿಕೊಂಡರು. ಕೊನೆಗೆ ಯಾರೂ ಆ ವಿಷಯ ಹೊರಗೆ ಹೇಳಲಿಲ್ಲ.

ಅವಳು ಪಾಸಾದಳು, ಕೆಮಿಸ್ಟ್ರಿಯಲ್ಲಿ ಕೂದಲೆಳೆಯಲ್ಲಿ. ಆ ಎರಡು ಪುಟದಿಂದಲೋ, ಅವಳದ್ದೇ ಓದಿನಿಂದಲೋ, ತಿಳಿಯುವ ದಾರಿಯೇ ಇರಲಿಲ್ಲ. ಸಿಹಿ ಹಂಚಲು ಅವಳು ಬಿಡಲಿಲ್ಲವಂತೆ.

ಕಾಯಿಲೆ ಮರುಕಳಿಸಿದಾಗ ನೋಡಲು ಬಂಟ್ವಾಳಕ್ಕೆ ಹೋಗಿದ್ದೆ. ಹಾಸಿಗೆಯಲ್ಲಿ ಮೈ ಅಂತ ಉಳಿದೇ ಇರಲಿಲ್ಲ. ಸನ್ನೆ ಮಾಡಿ ಹತ್ತಿರ ಕರೆದಳು.

"ಸಿಟ್ಟಿಲ್ಲ ನನಗೆ. ಈಗಾದ್ರೂ ನಿಜ ಹೇಳು, ಯಾರು ಬರೆಸಿದ್ದು?"

ಸುಳ್ಳು ಹೇಳಬಹುದಿತ್ತು. ಕನಿಕರಕ್ಕೆ ಆ ಪಾಠವನ್ನು ಯಾರಲ್ಲೋ ಮೊದಲೇ ಕೇಳಿ ಕಲಿತುಕೊಂಡು ಬಂದಿದ್ದೆ ಎಂದಿದ್ದರೆ ಅವಳಿಗೆ ಒಂದು ಉತ್ತರವಾದರೂ ಸಿಗುತ್ತಿತ್ತು. ಆದರೆ ಆ ಸ್ವರ ನನ್ನ ಕಿವಿಯಲ್ಲಿತ್ತು, ಆ ಕೆಮ್ಮೂ.

"ನೀವೇ ಅಕ್ಕ," ಎಂದೆ.

 ಅವಳು ಗೋಡೆಯ ಕಡೆ ತಿರುಗಿ ಮಲಗಿದಳು. ನಾನು ಹೊರಡುವವರೆಗೂ ತಿರುಗಲಿಲ್ಲ.